‘ಸುಂಕ ಪರಿಹಾರ’: ಒಂದು ಶಾಸನ ಪದದ ಅರ್ಥ ಮತ್ತು ಬಳಕೆ

ಇಂದಿನ ಕನ್ನಡದಲ್ಲಿ ‘ಪರಿಹಾರ’ವೆಂದರೆ ಸಮಸ್ಯೆಯೊಂದಕ್ಕೆ ದೊರೆಯುವ ಉತ್ತರ, ಇಲ್ಲವೆ ಆದ ನಷ್ಟಕ್ಕೆ ಪ್ರತಿಯಾಗಿ ಕೊಡುವ ಹಣ. ನೆರೆ ಪರಿಹಾರ, ಬೆಳೆ ಪರಿಹಾರ, ಅಪಘಾತ ಪರಿಹಾರ ಎಂಬ ಸಮಾಸಗಳಲ್ಲಿ ಈ ಅರ್ಥವೇ ನೆಲೆನಿಂತಿದೆ. ಶಾಸನಗಳ ಭಾಷೆಯಲ್ಲಿ ಈ ಪದದ ಮುಖ್ಯ ನೆಲೆ ಬೇರೆ. ಅಲ್ಲಿ ಅದು ತೆರಿಗೆಯ ಪ್ರಕರಣಕ್ಕೆ ಸೇರಿದ್ದು. ಭೂಮಿಯನ್ನೋ ಊರನ್ನೋ ದಾನವಾಗಿ ಕೊಡುವಾಗ ‘ಸರ್ವಬಾಧಾಪರಿಹಾರ’ವಾಗಿ ಕೊಡಲಾಯಿತೆಂಬ ಒಕ್ಕಣೆ ಚಾಳುಕ್ಯ, ಹೊಯ್ಸಳ, ಸೇವುಣ ಕಾಲದ ದಾನಶಾಸನಗಳಲ್ಲಿ ಮತ್ತೆ ಮತ್ತೆ ಬರುತ್ತದೆ. ‘ಬಾಧೆ’ ಎಂದರೆ ಇಲ್ಲಿ ರೋಗವೂ ಅಲ್ಲ, ಗ್ರಹಪೀಡೆಯೂ ಅಲ್ಲ; ಅರಮನೆಗೆ ಸಲ್ಲಬೇಕಾದ ತೆರಿಗೆ, ಸುಂಕ, ಬಿಟ್ಟಿಗಳ ಒಟ್ಟು ಭಾರ. ಅದನ್ನು ದೂರಮಾಡುವುದೇ ಪರಿಹಾರ. ತೆರಿಗೆಯನ್ನು ತಡೆಯೆಂದು ಕರೆದು, ಆ ತಡೆಯನ್ನು ಕಳೆಯುವ ಕ್ರಿಯೆಗೆ ಒಂದು ಪಾರಿಭಾಷಿಕ ಪದವನ್ನು ಇಟ್ಟುಕೊಂಡಿದ್ದ ಭಾಷೆಯಿದು.

ಈ ಪದ ವ್ಯಾಪಾರದ ಸುಂಕಕ್ಕೆ ಸೇರಿ ಬಂದಾಗ, ಅಂದರೆ ‘ಸುಂಕ ಪರಿಹಾರ’ವೆಂದೋ ‘ಸುಂಕಮಂ ಬಿಟ್ಟರ್’ ಎಂದೋ ಶಾಸನ ಹೇಳಿದಾಗ, ಅದನ್ನು ಇಂದಿನ ‘ಮುಕ್ತ ವ್ಯಾಪಾರ’ದ ಪೂರ್ವರೂಪವೆಂದು ಓದುವ ಒಲವು ಸಹಜವಾದದ್ದು. ಅರಸನೊಬ್ಬ ಸಂತೆಗೆ ಸುಂಕ ಬಿಟ್ಟನೆಂದರೆ ಅವನು ವಾಣಿಜ್ಯಕ್ಕೆ ದಾರಿ ತೆರೆದನೆಂದು ಬರೆಯುವುದು ಸುಲಭ. ಆದರೆ ಶಾಸನ ವಾಕ್ಯಗಳನ್ನು ಬಿಡಿಸಿ ನೋಡಿದರೆ ಚಿತ್ರ ಬೇರೆಯಾಗುತ್ತದೆ. ಬಿಟ್ಟವರು ಯಾರು, ಯಾರಿಗೆ ಬಿಟ್ಟರು, ಬಿಟ್ಟ ಹಣದ ನಷ್ಟವನ್ನು ಹೊತ್ತವರು ಯಾರು ಎಂಬ ಮೂರು ಪ್ರಶ್ನೆಗಳಿಗೆ ಉತ್ತರ ದೊರೆಯುವವರೆಗೆ ‘ಪರಿಹಾರ’ದ ಅರ್ಥ ಪೂರ್ಣವಾಗುವುದಿಲ್ಲ.

‘ಸುಂಕ’ ಸಂಸ್ಕೃತದ ‘ಶುಲ್ಕ’ದಿಂದ ಪ್ರಾಕೃತದ ಮೂಲಕ ಕನ್ನಡಕ್ಕೆ ಬಂದ ತದ್ಭವ. ಬಂದ ಮೇಲೆ ಅದು ಇಲ್ಲಿ ಆಳವಾಗಿ ಬೇರು ಬಿಟ್ಟಿತು. ಪಿರಿಯ ಸುಂಕ ‘ಪೆರ್ಜುಂಕ’ವಾಗಿ ಮುಂದೆ ‘ಹೆಜ್ಜುಂಕ’ವಾಯಿತು. ವಡ್ಡರಾವುಳ, ಪನ್ನಾಯ, ಎರಡುಂ ಬಿಲ್ಕೊಡೆ ಎಂಬ ಬಾಬುಗಳು ಕಲ್ಯಾಣ ಚಾಳುಕ್ಯರ ಕಾಲದಿಂದ ಪದೇ ಪದೇ ಕಾಣಸಿಗುತ್ತವೆ. ಇವುಗಳಲ್ಲಿ ವಡ್ಡರಾವುಳ, ಬಿಲ್ಕೊಡೆಗಳ ನಿಷ್ಕೃಷ್ಟ ಅರ್ಥದ ಬಗ್ಗೆ ವಿದ್ವಾಂಸರಲ್ಲಿ ಒಮ್ಮತವಿಲ್ಲ. ಇವುಗಳ ಮೇಲ್ವಿಚಾರಣೆಗೆ ‘ಸುಂಕವೆರ್ಗಡೆ’ ಎಂಬ ಅಧಿಕಾರಿಯಿದ್ದ. ‘ಕಿರುಕುಳ’ ಎಂಬ ಪದದ ಗತಿಯೂ ಇಲ್ಲಿ ಗಮನಾರ್ಹ. ಮೂಲತಃ ಚಿಲ್ಲರೆ, ಕ್ಷುಲ್ಲಕ ಎಂಬ ಅರ್ಥದ ಈ ಮಾತು ಶಾಸನಗಳಲ್ಲಿ ಚಿಲ್ಲರೆ ತೆರಿಗೆಗಳಿಗೂ ಸಲ್ಲುತ್ತಿತ್ತು. ಇಂದು ಅದಕ್ಕೆ ಉಳಿದಿರುವುದು ಹಿಂಸೆಯೆಂಬ ಅರ್ಥವೊಂದೇ. ಆ ಅರ್ಥಪಲ್ಲಟಕ್ಕೆ ತೆರಿಗೆಯೊಂದೇ ಕಾರಣವೆಂದು ಹೇಳಲಾಗದಿದ್ದರೂ, ತೆರಿಗೆ ತೆತ್ತವರಿಗೆ ಈ ಎರಡು ಅರ್ಥಗಳ ನಡುವೆ ಹೆಚ್ಚಿನ ದೂರ ಕಂಡಿರಲಾರದು. ಸುಂಕ ವಸೂಲಿಯ ಠಾಣೆ ‘ಕಟ್ಟೆ’. ಬೆಂಗಳೂರಿನ ಮಾಗಡಿ ರಸ್ತೆಯ ಸುಂಕದಕಟ್ಟೆಯ ಹೆಸರಿನಲ್ಲಿ ಅದು ಇಂದಿಗೂ ಉಳಿದಿದೆ. ಸುಂಕದವನ ಮುಂದೆ ಸುಖದುಃಖ ಹೇಳಿಕೊಳ್ಳುವ ವ್ಯರ್ಥತೆಯನ್ನು ಗಾದೆ ಹಿಡಿದಿಟ್ಟಿದೆ. ಆದರೂ ಸುಂಕ ಎತ್ತುವುದನ್ನೇ ಕಾಯಕವಾಗಿ ಉಳ್ಳ ಸುಂಕದ ಬಂಕಣ್ಣ 12ನೆಯ ಶತಮಾನದ ಶರಣರ ಸಾಲಿನಲ್ಲಿ ನಿಂತದ್ದನ್ನೂ ಮರೆಯುವಂತಿಲ್ಲ.

‘ಪರಿಹಾರ’ದ ಪಾರಿಭಾಷಿಕ ಅರ್ಥವನ್ನು ಮೊದಲು ಸ್ಪಷ್ಟವಾಗಿ ಕಟ್ಟಿಕೊಡುವ ಗ್ರಂಥ ಕೌಟಿಲ್ಯನ ಅರ್ಥಶಾಸ್ತ್ರ. ಮೈಸೂರಿನ ಪ್ರಾಚ್ಯ ಗ್ರಂಥಾಲಯದಲ್ಲಿ ಆರ್. ಶಾಮಶಾಸ್ತ್ರಿಗಳು ಗುರುತಿಸಿ 1909ರಲ್ಲಿ ಪ್ರಕಟಿಸಿದ ಈ ಗ್ರಂಥದಲ್ಲಿ ರಾಜಶಾಸನಗಳ ಪ್ರಭೇದಗಳನ್ನು ಹೇಳುವ ಅಧ್ಯಾಯವೊಂದಿದೆ. ಅದರಲ್ಲಿ ‘ಪರಿಹಾರ’ವೆಂಬುದು ಪ್ರತ್ಯೇಕವಾದ ಒಂದು ಬಗೆಯ ಲೇಖ. ಗೊತ್ತಾದ ಜಾತಿಗಳಿಗೆ, ಪುರಗಳಿಗೆ, ಗ್ರಾಮಗಳಿಗೆ, ದೇಶಗಳಿಗೆ ಅರಸನ ಅಪ್ಪಣೆಯಿಂದ ದೊರೆಯುವ ಅನುಗ್ರಹವೇ ಪರಿಹಾರವೆಂದು ಅಲ್ಲಿನ ಲಕ್ಷಣ. ಲಕ್ಷಣದಲ್ಲಿಯೇ ಮಿತಿಯೂ ಇದೆ: ಎಲ್ಲರಿಗೂ ಸಲ್ಲುವ ನಿಯಮ ಪರಿಹಾರವಲ್ಲ, ಇಂಥವರಿಗೆ ಎಂದು ಗುರುತಿಸಿ ಕೊಟ್ಟದ್ದು ಮಾತ್ರ ಪರಿಹಾರ. ಹೊಸ ನೆಲೆಗಳನ್ನು ಊರ್ಜಿತಗೊಳಿಸುವ ಸಂದರ್ಭದಲ್ಲಿ ಬೊಕ್ಕಸವನ್ನು ಬೆಳೆಸುವಂಥ ಅನುಗ್ರಹ, ಪರಿಹಾರಗಳನ್ನು ಕೊಡಬೇಕು, ಬೊಕ್ಕಸಕ್ಕೆ ಪೆಟ್ಟು ಕೊಡುವಂಥವನ್ನು ವರ್ಜಿಸಬೇಕು ಎಂಬ ಎಚ್ಚರಿಕೆಯೂ ಅದೇ ಗ್ರಂಥದಲ್ಲಿದೆ. ಪರದೇಶದ ಸರಕನ್ನು ತರುವ ನಾವಿಕರಿಗೆ, ಸಾರ್ಥವಾಹರಿಗೆ ಅವರ ಮುಂದಿನ ಲಾಭಕ್ಕೆ ಇಂಬಾಗುವಂತೆ ಪರಿಹಾರ ಕೊಡಬೇಕೆಂದು ಪಣ್ಯಾಧ್ಯಕ್ಷನಿಗೆ ವಿಧಿಸಲಾಗಿದೆ. ಇಲ್ಲಿಯೂ ದೃಷ್ಟಿ ಬೊಕ್ಕಸದ ಮೇಲೆಯೇ ನೆಟ್ಟಿದೆ. ವರ್ತಕನ ಹಕ್ಕಿನ ಮಾತು ಎಲ್ಲಿಯೂ ಇಲ್ಲ.

ಅದೇ ಗ್ರಂಥದ ಶುಲ್ಕಾಧ್ಯಕ್ಷ ಪ್ರಕರಣದಲ್ಲಿ ಇನ್ನೂ ಖಚಿತವಾದ ಪದವೊಂದು ಸಿಗುತ್ತದೆ: ‘ಉಚ್ಛುಲ್ಕ’. ಶುಲ್ಕದಿಂದ ಮೇಲೆತ್ತಿದ್ದು, ಹೊರಗಿರಿಸಿದ್ದು ಎಂದು ಇದರ ಅರ್ಥ. ವಿವಾಹ, ಯಜ್ಞ, ಹೆರಿಗೆ, ದೇವಪೂಜೆ, ಚೌಲ, ಉಪನಯನ ಮೊದಲಾದವುಗಳಿಗೆ ಒಯ್ಯುವ ಸಾಮಗ್ರಿ ಉಚ್ಛುಲ್ಕವಾಗಿ ಸಾಗಬೇಕು. ಹಾಗೆಯೇ ನಾಡಿಗೆ ಮಹೋಪಕಾರಿಯಾದ ಸರಕು ಹಾಗೂ ದುರ್ಲಭವಾದ ಬೀಜ ಉಚ್ಛುಲ್ಕವಾಗಬೇಕು. ನಾಡಿಗೆ ಪೀಡೆಯಾಗುವ ಸರಕನ್ನು ಮಾತ್ರ ತಡೆಯಬೇಕು. ಲುಂಬಿನಿಯ ಸ್ತಂಭಶಾಸನದಲ್ಲಿ ಅಶೋಕ ಆ ಗ್ರಾಮವನ್ನು ಬಲಿಯಿಂದ ಬಿಡಿಸಿದ್ದನ್ನು ಹೇಳುವ ಪ್ರಾಕೃತ ಪದವೂ ‘ಉತ್’ ಎಂಬ ಇದೇ ಉಪಸರ್ಗದಿಂದ ರಚಿತವಾಗಿದೆ. ಅಲ್ಲಿಯೂ ಬಿಡುಗಡೆ ಪೂರ್ಣವಲ್ಲ; ಬಲಿ ಹೋಯಿತು, ಭಾಗ ಎಂಟನೆಯ ಒಂದಕ್ಕೆ ಇಳಿದು ಉಳಿಯಿತು. ‘ಉಚ್ಛುಲ್ಕ’ ಎಂಬುದು ಸರಕಿಗೆ ಅಂಟುವ ವಿಶೇಷಣ. ‘ಪರಿಹಾರ’ ಮನುಷ್ಯನಿಗೆ ಅಥವಾ ಊರಿಗೆ ಸಲ್ಲುವ ಅನುಗ್ರಹ. ಈ ಸೂಕ್ಷ್ಮ ಭೇದ ಮುಂದಿನ ಕಾಲದಲ್ಲಿ ಉಳಿಯಲಿಲ್ಲ. ‘ಉಚ್ಛುಲ್ಕ’ ಕನ್ನಡ ಶಾಸನಗಳ ರೂಢಿಗೆ ಬಾರದೆ ಹೋಯಿತು. ‘ಪರಿಹಾರ’ ಎರಡೂ ಕೆಲಸಗಳನ್ನು ವಹಿಸಿಕೊಂಡಿತು.

ಕೌಟಿಲ್ಯ ಇನ್ನೊಂದು ಕಟ್ಟಳೆಯನ್ನೂ ಹೇಳುತ್ತಾನೆ. ಗಡಿಯ ಅಂತಪಾಲ ಸರಕಿನ ಬಂಡಿಗೆ ಒಂದೂಕಾಲು ಪಣ, ಒಂಟಿಗೊರಸಿನ ಪ್ರಾಣಿಗೆ ಒಂದು ಪಣ, ಎತ್ತಿಗೆ ಅರ್ಧ ಪಣದಂತೆ ದಾರಿಯ ಸುಂಕ ಎತ್ತಬೇಕು. ದಾರಿಯಲ್ಲಿ ಕಳೆದುಹೋದದ್ದನ್ನೂ ಕಳವಾದದ್ದನ್ನೂ ಅವನೇ ತುಂಬಿಕೊಡಬೇಕು. ಅಂದರೆ ಸುಂಕವೆಂಬುದು ತಡೆ ಮಾತ್ರವಲ್ಲ, ರಕ್ಷಣೆಯ ಬೆಲೆಯೂ ಹೌದು. ಪರಿಹಾರ ಪಡೆದವನು ಬೆಲೆ ತೆರದೆಯೇ ಆ ರಕ್ಷಣೆಯನ್ನು ಅನುಭವಿಸುತ್ತಿದ್ದ. ಉಳಿದವರು ಅವನ ಪಾಲನ್ನೂ ತೆರುತ್ತಿದ್ದರು.

ಶಾಸನಗಳಿಗೆ ಬಂದರೆ, ಈ ಪದದ ಪ್ರಾಚೀನ ಬಳಕೆ ಪ್ರಾಕೃತದಲ್ಲಿದೆ. ಗೌತಮೀಪುತ್ರ ಸಾತಕರ್ಣಿಯ ನಾಸಿಕದ ಗುಹಾಶಾಸನ ಭಿಕ್ಷುಗಳಿಗೆ ಕೊಟ್ಟ ಹೊಲದ ಪರಿಹಾರಗಳನ್ನು ಒಂದೊಂದಾಗಿ ಹೆಸರಿಸುತ್ತದೆ: ಅದನ್ನು ಅರಸಾಳುಗಳು ಹೊಗುವಂತಿಲ್ಲ, ಮುಟ್ಟುವಂತಿಲ್ಲ, ಅಲ್ಲಿ ಉಪ್ಪಿಗಾಗಿ ಅಗೆಯುವಂತಿಲ್ಲ. ಇಂದಿನ ವಿಜಯನಗರ ಜಿಲ್ಲೆಯ ಹಿರೇಹಡಗಲಿಯಲ್ಲಿ ದೊರೆತ ಪಲ್ಲವ ಶಿವಸ್ಕಂದವರ್ಮನ ತಾಮ್ರಪಟ ಸುಮಾರು 4ನೆಯ ಶತಮಾನದ್ದು. ಸಾತಾಹನಿ ರಟ್ಠವೆಂಬ ನಾಡಿನ ದಾನವನ್ನು ದಾಖಲಿಸುವ ಈ ಪಟ ಹದಿನೆಂಟು ಬಗೆಯ ಪರಿಹಾರಗಳ ಮಾತನ್ನಾಡುತ್ತದೆ. ಉಪ್ಪು ಬೆಲ್ಲಗಳ ಕಾಟವಿಲ್ಲ, ಸರದಿಯ ಮೇಲೆ ಎತ್ತು ಹಿಡಿಯುವುದಿಲ್ಲ, ಹುಲ್ಲು ಕಟ್ಟಿಗೆ ಕೇಳುವುದಿಲ್ಲ ಎಂಬ ಪಟ್ಟಿ ಅದು. ಈ ಹಂತದಲ್ಲಿ ‘ಪರಿಹಾರ’ವೆಂದರೆ ರಾಜ್ಯದ ಕೈಯನ್ನು ಹೊರಗಿರಿಸುವುದು. ವ್ಯಾಪಾರ ಇನ್ನೂ ಇಲ್ಲಿ ಅಂಚಿನಲ್ಲಿದೆ. ಉಪ್ಪು, ಬೆಲ್ಲ, ಎತ್ತುಗಳ ಹೆಸರಿನಲ್ಲಿ ಮಾತ್ರ ಇಣುಕುತ್ತದೆ. ಪರಿಹಾರಗಳನ್ನು ಹೀಗೆ ಎಣಿಸಿ ಹೇಳಬೇಕಾಗಿದ್ದುದರಿಂದಲೇ, ಪಟ್ಟಿಯಲ್ಲಿಲ್ಲದ ಊರುಗಳಲ್ಲಿ ಅವೆಲ್ಲವೂ ನಡೆಯುತ್ತಿದ್ದವೆಂಬುದೂ ತಿಳಿದುಬರುತ್ತದೆ.

ಕನ್ನಡ ಶಾಸನಗಳಲ್ಲಿ ಸಂಗತಿ ತೊಡಕಾಗುವುದು ‘ಬಿಡು’ ಎಂಬ ಕ್ರಿಯಾಪದದಿಂದ. ಸುಂಕದ ಶಾಸನಗಳನ್ನು ಲೆಕ್ಕಹಾಕುವಾಗ ಹೆಚ್ಚಿನ ಗೊಂದಲ ಹುಟ್ಟುವುದೂ ಇಲ್ಲಿಯೇ. ‘ಬಿಡು’ವಿಗೆ ಕೈಬಿಡು, ವಸೂಲಿ ಮಾಡದಿರು ಎಂಬ ಅರ್ಥವಿದೆ, ದತ್ತಿಯಾಗಿ ಬಿಟ್ಟುಕೊಡು, ಒಪ್ಪಿಸು ಎಂಬ ಅರ್ಥವೂ ಇದೆ. ದೇವರ ನಂದಾದೀವಿಗೆಗೆ ಹೆಜ್ಜುಂಕವನ್ನು ಬಿಟ್ಟರು ಎಂಬ ಮಾದರಿಯ ವಾಕ್ಯದಲ್ಲಿ ಸುಂಕ ರದ್ದಾಗಿಲ್ಲ. ವರ್ತಕ ಕಟ್ಟೆಯಲ್ಲಿ ಎಂದಿನಂತೆಯೇ ಹಣ ತೆರುತ್ತಾನೆ. ಹಣ ಅರಮನೆಯ ಬದಲು ದೇಗುಲಕ್ಕೆ ಹೋಗುತ್ತದೆ. ವರ್ತಕನ ಪಾಲಿಗೆ ಏನೂ ಬದಲಾಗಿಲ್ಲ. ಇದಕ್ಕೆ ಪ್ರತಿಯಾಗಿ ದೇವರ ಹತ್ತೆತ್ತಿನ ಸುಂಕವನ್ನು ಬಿಟ್ಟರು ಎಂಬ ಮಾದರಿಯಲ್ಲಿ ನಿಜವಾದ ಪರಿಹಾರವಿದೆ. ದೇವಾಲಯದ ಲೆಕ್ಕದ ಹತ್ತು ಹೇರೆತ್ತುಗಳು ಕಟ್ಟೆಯಲ್ಲಿ ನಿಲ್ಲದೆ ಸಾಗಬಹುದು, ಹನ್ನೊಂದನೆಯದಕ್ಕೆ ಸುಂಕವುಂಟು.

ಮೊದಲ ಮಾದರಿಯಲ್ಲಿ ಚತುರ್ಥಿ ವಿಭಕ್ತಿ ಸುಂಕದ ಹಣ ಪಡೆಯುವವನನ್ನು ಸೂಚಿಸುತ್ತದೆ; ಎರಡನೆಯದರಲ್ಲಿ ಷಷ್ಠಿ ಸುಂಕ ತೆರಬೇಕಾಗಿದ್ದವನನ್ನು ಸೂಚಿಸುತ್ತದೆ. ಕಲ್ಲಿನ ಮೇಲೆ ಒಂದೆರಡು ಅಕ್ಷರ ಸವೆದರೆ ದತ್ತಿ ಪರಿಹಾರವಾಗಿ, ಪರಿಹಾರ ದತ್ತಿಯಾಗಿ ಓದಿಸಿಕೊಳ್ಳುವ ಸಂಭವವಿದೆ. ‘ಸುಂಕ ಬಿಟ್ಟ’ ಶಾಸನಗಳೆಲ್ಲವನ್ನೂ ಒಟ್ಟಿಗೆ ಎಣಿಸಿ, ಇಂಥ ಅರಸನ ಕಾಲದಲ್ಲಿ ವ್ಯಾಪಾರದ ಹೊರೆ ತಗ್ಗಿತೆಂದು ತೀರ್ಮಾನಿಸುವುದು ಆದ್ದರಿಂದ ಅಪಾಯಕಾರಿ. ಅವುಗಳಲ್ಲಿ ದೊಡ್ಡ ಪಾಲು ದತ್ತಿಗಳೇ ಆಗಿದ್ದರೆ, ಹೊರೆ ತಗ್ಗುವುದಿರಲಿ, ಅದಕ್ಕೆ ಧರ್ಮದ ಮುದ್ರೆ ಬಿದ್ದು ಆಚಂದ್ರಾರ್ಕ ಸ್ಥಿರವಾಯಿತೆಂದೇ ತಿಳಿಯಬೇಕಾಗುತ್ತದೆ. ಅರಸನ ಸುಂಕವನ್ನು ಮುಂದಿನ ಅರಸ ಇಳಿಸಬಹುದಿತ್ತು; ದೇವರ ಸುಂಕವನ್ನು ಅಳಿಸಿದವನಿಗೆ ಶಾಪಾಶಯದ ಶ್ಲೋಕಗಳು ಕಾದಿರುತ್ತಿದ್ದವು.

ವರ್ತಕ ಸಂಘಗಳ ಪಾತ್ರವೂ ಇದೇ ದಿಕ್ಕಿನಲ್ಲಿ ವಿಚಾರಿಸತಕ್ಕದ್ದು. ಅಯ್ಯಾವೊಳೆಯ ಐನೂರ್ವರು ಸ್ವಾಮಿಗಳು ನಾಡುನಾಡುಗಳಲ್ಲಿ ಸಂಚರಿಸಿದ ವೀರಬಣಂಜುಗಳು. ತಮ್ಮ ಪ್ರಶಸ್ತಿಗಳಲ್ಲಿ ಅರಸರಿಗೆ ಸಮನಾದ ಗತ್ತನ್ನು ತೋರಿದವರು. ಸುಂಕವನ್ನು ತಡೆಯೆಂದು ಎದುರಿಸಲು ಇವರಿಗಿಂತ ಸಮರ್ಥರು ಯಾರೂ ಇರಲಿಲ್ಲ. ಆದರೆ ಇವರು ಮಾಡಿದ ದಾನಗಳ ಸ್ವರೂಪ ಬೇರೆಯೇ. ರಟ್ಟರ ನಾಲ್ಕನೆಯ ಕಾರ್ತವೀರ್ಯನ ಕಾಲದ, 1204ರ ಬೆಳಗಾವಿಯ ಶಾಸನದಲ್ಲಿ ರಟ್ಟ ಜಿನಾಲಯಕ್ಕೆ ವರ್ತಕ ಸಮೂಹಗಳು ಸೇರಿ ಸರಕು ಸರಕಿನ ಮೇಲೆ ಆಯವನ್ನು ಗೊತ್ತುಪಡಿಸಿವೆ. ಆ ಸಭೆಯಲ್ಲಿ ಲಾಟ ದೇಶದಿಂದಲೂ ಮಲೆಯಾಳದಿಂದಲೂ ಬಂದ ವ್ಯಾಪಾರಿಗಳಿದ್ದರು. ಹೊರನಾಡಿನ ವರ್ತಕರು ಒಟ್ಟಾಗಿ ಕುಳಿತು ತಮ್ಮ ಸರಕಿನ ಮೇಲೆ ತಾವೇ ಸುಂಕ ವಿಧಿಸಿಕೊಂಡರೆಂಬುದು ಸಾಮಾನ್ಯ ಸಂಗತಿಯಲ್ಲ. ಸಂಘದ ಹೊರಗಿನ ಚಿಲ್ಲರೆ ವ್ಯಾಪಾರಿಗೆ ಈ ಗೊತ್ತುವಳಿಯಲ್ಲಿ ಮಾತಿತ್ತೇ ಎಂಬುದನ್ನು ಶಾಸನ ಹೇಳುವುದಿಲ್ಲ. ಸುಂಕಕ್ಕೆ ವಿರೋಧ ಅಲ್ಲಿಲ್ಲ. ಸುಂಕದ ಗೊತ್ತುಪಾಡು ಯಾರ ಕೈಯಲ್ಲಿರಬೇಕೆಂಬುದಷ್ಟೇ ಅಲ್ಲಿನ ಕಾಳಜಿ.

ನೆರೆಯ ಆಂಧ್ರ ಕರಾವಳಿಯ ಶಾಸನವೊಂದನ್ನು ಹೋಲಿಕೆಗಾಗಿ ಇಲ್ಲಿ ನೋಡಬೇಕು. ಕಾಕತೀಯ ಗಣಪತಿದೇವ 1244ರ ಸುಮಾರಿಗೆ ಮೋಟುಪಲ್ಲಿ ಬಂದರಿನಲ್ಲಿ ಹಾಕಿಸಿದ್ದು ‘ಅಭಯಶಾಸನ’. ಬಿರುಗಾಳಿಗೆ ಸಿಕ್ಕು ದಡಕ್ಕೆ ಬಿದ್ದ ಹಡಗುಗಳ ಹೊನ್ನು, ಆನೆ, ಕುದುರೆ, ರತ್ನಗಳನ್ನು ಹಿಂದಿನ ಅರಸರು ಬಲಾತ್ಕಾರವಾಗಿ ವಶಪಡಿಸಿಕೊಳ್ಳುತ್ತಿದ್ದರು. ಪ್ರಾಣಕ್ಕಿಂತ ಧನ ಹೆಚ್ಚೆಂದು ನಂಬಿ ಸಮುದ್ರಯಾನದ ಅಪಾಯಕ್ಕೆ ಮೈಯೊಡ್ಡುವ ವರ್ತಕರಿಗೆ, ಗೊತ್ತಾದ ಸುಂಕವೊಂದನ್ನುಳಿದು ಮಿಕ್ಕೆಲ್ಲವನ್ನೂ ಬಿಡಲಾಗಿದೆ ಎಂದು ಅದರ ತಾತ್ಪರ್ಯ. ಆ ಗೊತ್ತಾದ ಸುಂಕ ಮೂವತ್ತರಲ್ಲಿ ಒಂದು ಪಾಲು. ಇಲ್ಲಿ ಸುಂಕ ಬಾಧೆಯಲ್ಲ; ಗೊತ್ತುಗುರಿಯಿಲ್ಲದ ಸುಲಿಗೆಯೇ ಬಾಧೆ. ಇಂಥ ಹೆಸರಿನವರಿಗೆ ಎಂದು ಗೆರೆಯೆಳೆಯದೆ, ಆ ಬಂದರಿಗೆ ಬರುವ ಎಲ್ಲರಿಗೂ ಸಲ್ಲುವ ಮಾತನ್ನು ಆಡಿದ್ದರಿಂದ ದಕ್ಷಿಣದ ಶಾಸನಗಳಲ್ಲಿ ಇದಕ್ಕೆ ವಿಶಿಷ್ಟ ಸ್ಥಾನವಿದೆ. ಕೃಷ್ಣದೇವರಾಯ ತನ್ನ ತೆಲುಗು ಕಾವ್ಯ ಆಮುಕ್ತಮಾಲ್ಯದಾದ ರಾಜನೀತಿ ಪ್ರಕರಣದಲ್ಲಿ ಬಂದರುಗಳನ್ನು ಸುಧಾರಿಸಿ ಹೊರನಾಡಿನ ನಾವಿಕರನ್ನು ಆದರಿಸಬೇಕೆಂದು ಹೇಳುವುದೂ ಈ ವಿಚಾರಸರಣಿಗೇ ಸೇರುತ್ತದೆ.

ಪರಿಹಾರ ಅರಸನ ಎಲ್ಲೆಯೊಳಗೆ ಮಾತ್ರ ಸಾಧ್ಯ. ತನ್ನ ನಾಡಿನ ಆಚೆಯ ಸುಂಕವನ್ನು ಯಾವ ಅರಸನೂ ಬಿಡಲಾರ. ಇದಕ್ಕೆ ಹೊಯ್ಸಳ ಮೂರನೆಯ ನರಸಿಂಹನ 1279ರ ಶಾಸನ ಸ್ವಾರಸ್ಯಕರ ನಿದರ್ಶನ. ಕಾಶಿಯಲ್ಲಿ ಯಾತ್ರಿಕರು ತುರುಷ್ಕರಿಗೆ ತೆರಬೇಕಾಗಿದ್ದ ತೆರಿಗೆಯ ಸಲುವಾಗಿ ವರ್ಷಕ್ಕೆ 645 ಹೊನ್ನು ಹುಟ್ಟುವಳಿಯ ಹೆಬ್ಬಾಲೆ ಗ್ರಾಮವನ್ನು ಅವನು ದತ್ತಿಯಾಗಿ ಬಿಟ್ಟ. ತಡೆಯನ್ನು ಕಳೆಯಲಾಗದಿದ್ದಾಗ ಅದರ ಬೆಲೆಯನ್ನು ತಾನೇ ಕಟ್ಟಿಕೊಟ್ಟ. ಇದು ವ್ಯಾಪಾರದ ಸುಂಕವಲ್ಲ, ಯಾತ್ರೆಯದು; ಆದರೂ ‘ಪರಿಹಾರ’ದ ಇಂದಿನ ಅರ್ಥ, ಅಂದರೆ ನಷ್ಟವನ್ನು ಹಣದಿಂದ ತುಂಬಿಕೊಡುವುದು, ಈ ಬಗೆಯ ದತ್ತಿಯಲ್ಲಿ ಮೊಳೆಯುವುದನ್ನು ಕಾಣಬಹುದು. ಹೆಬ್ಬಾಲೆಯ ಒಕ್ಕಲು ತೆತ್ತದ್ದು ಕಾಶಿಯ ಸುಂಕವಾಗಿ ಸಂದಿತು.

ವಿಜಯನಗರ ಕಾಲದ ಸುಂಕದ ವ್ಯವಸ್ಥೆಯನ್ನು ಹೊರಗಿನ ಕಣ್ಣಿನಿಂದ ಕಂಡವನು ಪೋರ್ಚುಗೀಸ್ ಕುದುರೆ ವ್ಯಾಪಾರಿ ನೂನಿಜ್. 1535ರ ಸುಮಾರಿಗೆ ಬರೆದ ಅವನ ವೃತ್ತಾಂತದ ಪ್ರಕಾರ ರಾಜಧಾನಿಯ ಹೆಬ್ಬಾಗಿಲಿನ ಸುಂಕವನ್ನು ವರ್ಷಕ್ಕೆ 12,000 ಪರ್ದಾವುಗಳಿಗೆ ಗುತ್ತಿಗೆ ಕೊಡಲಾಗುತ್ತಿತ್ತು. ಗುತ್ತಿಗೆದಾರರು ಕೇಳಿದಷ್ಟು ಕೊಡದೆ ಯಾರೂ ಒಳಹೋಗುವಂತಿರಲಿಲ್ಲ. ದಿನವೂ 2,000 ಹೇರೆತ್ತುಗಳು ಬಾಗಿಲುಗಳಲ್ಲಿ ಬರುತ್ತಿದ್ದವು; ಪ್ರತಿಯೊಂದಕ್ಕೂ ಸುಂಕವಿತ್ತು. ಒಂದು ಅಪವಾದವನ್ನು ಮಾತ್ರ ಅವನು ಹೇಳುತ್ತಾನೆ. ಕೊಂಬಿಲ್ಲದ ಎತ್ತುಗಳಿಗೆ ರಾಜ್ಯದಲ್ಲಿ ಎಲ್ಲಿಯೂ ಸುಂಕವಿರಲಿಲ್ಲ. ಈ ವಿನಾಯಿತಿಯ ಕಾರಣವನ್ನು ಅವನು ವಿವರಿಸಿಲ್ಲ. ಬೋಳೆತ್ತಿನ ಮೇಲೆ ಹೇರಿದ ಅಕ್ಕಿಗೂ ಕೊಂಬಿನ ಎತ್ತಿನ ಮೇಲಿನ ಅಕ್ಕಿಗೂ ಭೇದವಿಲ್ಲವಾದರೂ, ಪೇಟೆಯಲ್ಲಿ ಮೊದಲನೆಯದರ ಒಡೆಯನಿಗೆ ಲಾಭ ಹೆಚ್ಚು. ಪರಿಹಾರದ ತರ್ಕ ಸರಕನ್ನಾಗಲಿ ಮಾರುಕಟ್ಟೆಯನ್ನಾಗಲಿ ಅವಲಂಬಿಸಿರಲಿಲ್ಲವೆಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ಸಾಕ್ಷ್ಯ ಬೇಕಾಗಿಲ್ಲ.

1540ರ ದಶಕದಲ್ಲಿ ಸದಾಶಿವರಾಯನ ಹೆಸರಿನಲ್ಲಿ, ರಾಮರಾಯನ ಆಜ್ಞೆಯಂತೆ, ನಾವಿದರಿಗೆ ತೆರಿಗೆ, ಬಿಟ್ಟಿ, ಕಾಣಿಕೆಗಳಿಂದ ಬಿಡುಗಡೆ ಕೊಟ್ಟ ಶಾಸನಗಳು ಕರ್ನಾಟಕದ ಹಲವೆಡೆ ದೊರೆತಿವೆ. ಬಾದಾಮಿಯ ಕೊಂಡೋಜನೆಂಬ ನಾವಿದನ ಸೇವೆಗೆ ರಾಮರಾಯ ಮೆಚ್ಚಿದ್ದು ಇದಕ್ಕೆ ಕಾರಣ. ಒಬ್ಬನ ಮೇಲಿನ ಮೆಚ್ಚುಗೆ ಇಡೀ ವೃತ್ತಿಗೆ ಸಂದಿತು. ಕೌಟಿಲ್ಯ ಹೇಳಿದ ಲಕ್ಷಣ ಹದಿನಾರನೆಯ ಶತಮಾನದಲ್ಲಿಯೂ ಅಕ್ಷರಶಃ ನಡೆಯುತ್ತಿದ್ದುದನ್ನು ಇವು ತೋರಿಸುತ್ತವೆ.

ಮುಂದಿನ ಶತಮಾನಗಳಲ್ಲಿ ಆಡಳಿತದ ಕನ್ನಡಕ್ಕೆ ಪಾರಸಿ, ಅರಬ್ಬಿ ಮೂಲದ ಪದಗಳು ಒತ್ತರಿಸಿ ಬಂದವು. ಚಿಕ್ಕದೇವರಾಜ ಒಡೆಯರ ಅಠಾರ ಕಚೇರಿಯಲ್ಲಿ ‘ಸುಂಕದ ಚಾವಡಿ’ ಹಳೆಯ ಹೆಸರಿನಿಂದಲೇ ಇತ್ತು. ಆದರೆ ಕ್ರಮೇಣ ಸುಂಕದ ಬಾಬು ‘ಸಾಯರ್’ ಆಯಿತು, ದಾರಿಯ ಪರವಾನಗಿ ‘ರಹದಾರಿ’ಯಾಯಿತು, ಕಸುಬಿನ ತೆರಿಗೆ ‘ಮೊಹತರ್ಫಾ’ ಆಯಿತು. ತೆರಿಗೆ ಬಿಡುವುದು ‘ಮಾಫಿ’. ಮಾಫಿಯ ಮೂಲಾರ್ಥ ಕ್ಷಮೆ, ರಿಯಾಯಿತಿಯದು ದಾಕ್ಷಿಣ್ಯ. ತೆರಿಗೆಯನ್ನು ಬಾಧೆಯೆಂದು ಕರೆದ ಹಳೆಯ ಪರಿಭಾಷೆಯಲ್ಲಿ ತಪ್ಪು ತೆರಿಗೆಯ ಕಡೆಗಿತ್ತು. ಮಾಫಿಯ ಪರಿಭಾಷೆಯಲ್ಲಿ ಅದು ತೆರುವವನ ಕಡೆಗೆ ಜರುಗಿತು. ‘ಪರಿಹಾರ’ಕ್ಕೆ ಈ ಕೆಲಸ ತಪ್ಪಿಹೋದ ಮೇಲೆ ಅದು ದೋಷ ಪರಿಹಾರ, ಕಷ್ಟ ಪರಿಹಾರಗಳ ಕಡೆಗೆ ಸರಿಯಿತು.

ಮೈಸೂರಿನ ಕಮಿಷನರ್ ಮಾರ್ಕ್ ಕಬ್ಬನ್ ಅವರ ಆಡಳಿತ ಕಾಲದಲ್ಲಿ, ಅಂದರೆ 1834ರಿಂದ 1861ರವರೆಗಿನ ಅವಧಿಯಲ್ಲಿ, 769 ಚಿಲ್ಲರೆ ತೆರಿಗೆಗಳು ರದ್ದಾದವು. ಬಿ. ಎಲ್. ರೈಸ್ ಅವರ ಗೆಜೆಟಿಯರ್ ಇವುಗಳಲ್ಲಿ ಕೆಲವನ್ನು ಹೆಸರಿಸುತ್ತದೆ. ಮದುವೆಗೆ, ಮಗು ಹುಟ್ಟಿದ್ದಕ್ಕೆ, ಅದಕ್ಕೆ ಹೆಸರಿಟ್ಟದ್ದಕ್ಕೆ, ತಲೆ ಬೋಳಿಸಿದ್ದಕ್ಕೆ ತೆರಿಗೆಗಳಿದ್ದವು. ಪಾಳೆಯಗಾರನೊಬ್ಬನ ತಪ್ಪಿಸಿಕೊಂಡ ಕುದುರೆಯನ್ನು ಪೂರ್ವಿಕರು ಹುಡುಕಿಕೊಡಲಿಲ್ಲವೆಂದು ಒಂದು ಊರಿನವರು ತಲೆತಲಾಂತರದಿಂದ ದಂಡ ತೆರುತ್ತಿದ್ದರು. ನಗರ ಸೀಮೆಯ ಒಂದು ಜಾಗದಲ್ಲಿ ಕೈಗಳನ್ನು ಮೈಗೆ ಒತ್ತಿಕೊಳ್ಳದೆ ನಡೆದವರೂ ತೆರಬೇಕಾಗಿತ್ತು. ಇವೆಲ್ಲ ಸರ್ಕಾರದ ಹುಟ್ಟುವಳಿಯ ಬಾಬುಗಳಾಗಿ ಕಡತಗಳಲ್ಲಿ ದಾಖಲಾಗಿದ್ದವು. ‘ಕಿರುಕುಳ’ ಎಂಬ ಪದದ ಎರಡೂ ಅರ್ಥಗಳು ಇಲ್ಲಿ ಒಂದಾಗಿ ನಿಂತಿವೆ. ಕಬ್ಬನ್ ಕಾಲದ ಕ್ರಮ ಹಳೆಯ ಪರಿಹಾರಕ್ಕಿಂತ ಒಂದು ಮುಖ್ಯ ಅಂಶದಲ್ಲಿ ಭಿನ್ನ: ಇದು ಯಾರಿಗೋ ಕೊಟ್ಟ ಅನುಗ್ರಹವಲ್ಲ, ಬಾಬನ್ನೇ ಪಟ್ಟಿಯಿಂದ ಹೊಡೆದುಹಾಕಿದ್ದು.

ಇದೇ ಕಾಲದಲ್ಲಿ ಬ್ರಿಟಿಷ್ ಆಳ್ವಿಕೆಯ ಪ್ರಾಂತಗಳಲ್ಲಿ ಒಳನಾಡಿನ ಸಾಗಣೆ ಸುಂಕಗಳೂ ಕೊನೆಗಂಡವು. ಚಾರ್ಲ್ಸ್ ಟ್ರೆವೆಲಿಯನ್ ಅವರ ವರದಿಯ ತರುವಾಯ ಬಂಗಾಳದಲ್ಲಿ 1836ರಲ್ಲಿ, ಮದರಾಸಿನಲ್ಲಿ 1844ರಲ್ಲಿ ಅವು ರದ್ದಾದವು. ಒಳನಾಡಿನ ವರ್ತಕನಿಗೆ ಇದು ನಿಜವಾದ ಬಿಡುಗಡೆ ಎಂಬುದರಲ್ಲಿ ಸಂದೇಹವಿಲ್ಲ. ಇದಕ್ಕೆ ಆಧಾರವಾಗಿದ್ದ ತತ್ತ್ವ ಇಂಗ್ಲೆಂಡಿನಿಂದ ಬಂದದ್ದು. ಕನ್ನಡದಲ್ಲಿ ಅದಕ್ಕೆ ನಿಂತ ಹೆಸರು ‘ಮುಕ್ತ ವ್ಯಾಪಾರ’. ಈ ಸಮಾಸದಲ್ಲಿ ಮುಕ್ತವಾಗುವುದು ವ್ಯಾಪಾರವೇ ಹೊರತು ವ್ಯಕ್ತಿಯಲ್ಲ. ಬಿಟ್ಟವನು, ಪಡೆದವನು, ಹೊತ್ತವನು ಮೂವರೂ ವಾಕ್ಯದಿಂದ ಮರೆಯಾದರು. ‘ಪರಿಹಾರ’ವೆಂದರೆ ಯಾರಿಗೆ ಎಂದು ಕೇಳಲೇಬೇಕು, ‘ಮುಕ್ತ’ವೆಂದರೆ ಕೇಳುವ ಅಗತ್ಯವೇ ತೋರುವುದಿಲ್ಲ.

ಕೇಳಬೇಕಾಗಿತ್ತೆಂಬುದನ್ನು ಹತ್ತಿಬಟ್ಟೆಯ ಸುಂಕದ ಚರಿತ್ರೆ ತೋರಿಸಿಕೊಡುತ್ತದೆ. 1879ರಲ್ಲಿ ವೈಸರಾಯ್ ಲಿಟ್ಟನ್ ತಮ್ಮ ಮಂಡಲಿಯ ಬಹುಮತವನ್ನು ಬದಿಗೊತ್ತಿ ಆಮದಾಗುವ ಒರಟು ಹತ್ತಿಬಟ್ಟೆಯ ಸುಂಕವನ್ನು ರದ್ದುಪಡಿಸಿದರು. 1882ರಲ್ಲಿ ಉಳಿದ ಆಮದು ಸುಂಕಗಳಲ್ಲಿಯೂ ಬಹುಪಾಲು ಹೋದವು. ಹಣದ ಮುಗ್ಗಟ್ಟಿನಿಂದ 1894ರಲ್ಲಿ ಸುಂಕ ಮರಳಿ ಬಂದಾಗ ಲ್ಯಾಂಕಶೈರಿನ ಗಿರಣಿಗಳ ಒತ್ತಾಯದಂತೆ ಭಾರತದ ಗಿರಣಿಗಳ ಮೇಲೆ ಪ್ರತಿತೆರಿಗೆಯನ್ನು ಹೇರಲಾಯಿತು. 1896ರಿಂದ ಆಮದಿನ ಬಟ್ಟೆಗೆ ನೂರಕ್ಕೆ ಮೂರೂವರೆ, ಇಲ್ಲಿನ ಗಿರಣಿ ಬಟ್ಟೆಗೂ ಮೂರೂವರೆ. ತಡೆಯನ್ನು ಕಳೆಯುವ ತತ್ತ್ವದ ಹೆಸರಿನಲ್ಲಿಯೇ ಹೊಸ ತೆರಿಗೆಯೊಂದು ಹುಟ್ಟಿತು. ಅದು ಅಂತಿಮವಾಗಿ ರದ್ದಾದದ್ದು 1926ರಲ್ಲಿ. ಶಾಸನದ ಪರಿಭಾಷೆಯಲ್ಲಿ ಇದನ್ನು ಬರೆಯಬೇಕಾಗಿದ್ದಿದ್ದರೆ ಮ್ಯಾಂಚೆಸ್ಟರಿನ ವರ್ತಕರಿಗೆ ಸುಂಕ ಪರಿಹಾರವೆಂದು ಹೆಸರು ಹಿಡಿದೇ ಬರೆಯಬೇಕಾಗುತ್ತಿತ್ತು.

ಭಾರತ ಸಂವಿಧಾನದ 301ನೆಯ ಅನುಚ್ಛೇದ ದೇಶದೊಳಗಿನ ವ್ಯಾಪಾರ, ವಾಣಿಜ್ಯ, ಸಂಪರ್ಕಗಳು ಸ್ವತಂತ್ರವಾಗಿರತಕ್ಕದ್ದೆಂದು ವಿಧಿಸಿತು. ತೆರಿಗೆಯೂ ತಡೆಯೇ ಎಂಬ ಹಳೆಯ ಪ್ರಶ್ನೆ ಹೊಸ ಉಡುಪಿನಲ್ಲಿ ಸರ್ವೋಚ್ಚ ನ್ಯಾಯಾಲಯದ ಮುಂದೆ ಬಂದಿತು. 1961ರ ಅತಿಯಾಬಾರಿ ಚಹಾ ಕಂಪನಿಯ ಪ್ರಕರಣದಲ್ಲಿ, ಸಾಗಣೆಗೆ ನೇರವಾಗಿ ಅಡ್ಡಬರುವ ತೆರಿಗೆ ತಡೆಯೇ ಎಂದು ನ್ಯಾಯಾಲಯ ಹೇಳಿತು. ಮರುವರ್ಷ ರಾಜಸ್ಥಾನದ ವಾಹನ ತೆರಿಗೆಯ ಪ್ರಕರಣದಲ್ಲಿ, ರಸ್ತೆಯಂಥ ಸೌಕರ್ಯಕ್ಕೆ ಪ್ರತಿಫಲವಾದ ತೆರಿಗೆ ತಡೆಯಲ್ಲವೆಂದಿತು. ಅಂತಪಾಲನ ಒಂದೂಕಾಲು ಪಣದ ತರ್ಕಕ್ಕೆ ಇದು ಬಹಳ ಹತ್ತಿರದ್ದು. 2016ರಲ್ಲಿ ಒಂಬತ್ತು ನ್ಯಾಯಾಧೀಶರ ಪೀಠ ಬಹುಮತದಿಂದ ಈ ಪ್ರತಿಫಲ ಸಿದ್ಧಾಂತವನ್ನು ಕೈಬಿಟ್ಟು, ತಾರತಮ್ಯ ಮಾಡುವ ತೆರಿಗೆ ಮಾತ್ರ 301ನೆಯ ಅನುಚ್ಛೇದಕ್ಕೆ ವಿರುದ್ಧವೆಂದು ನಿರ್ಣಯಿಸಿತು.

ಕರ್ನಾಟಕದಲ್ಲಿ ಪಟ್ಟಣಗಳ ಆಕ್ಟ್ರಾಯ್ 1979ರಲ್ಲಿ ರದ್ದಾಯಿತು. ಅದರ ಬದಲಿಗೆ ರಾಜ್ಯ ಸರ್ಕಾರ ಪ್ರವೇಶ ತೆರಿಗೆಯನ್ನು ತಂದಿತು. ನಾಕಾಗಳು ಹೋದವು, ತೆರಿಗೆ ಉಳಿಯಿತು. ಹಣ ಸೇರುವ ಪೆಟ್ಟಿಗೆ ಬದಲಾದದ್ದರಿಂದ ನಗರಸಭೆಗಳಿಗೆ ಸರ್ಕಾರವೇ ನಷ್ಟ ತುಂಬಿಕೊಡಬೇಕಾಯಿತು. ಶಾಸನಗಳ ‘ಬಿಡು’ವಿನ ಎರಡು ಅರ್ಥಗಳೂ ಈ ಒಂದೇ ಕ್ರಮದಲ್ಲಿ ಕಾಣಿಸಿಕೊಂಡವು. 2017ರ ಜುಲೈ 1ರಂದು ಸರಕು ಮತ್ತು ಸೇವಾ ತೆರಿಗೆ ಜಾರಿಗೆ ಬಂದಾಗ ಪ್ರವೇಶ ತೆರಿಗೆ ಅದರಲ್ಲಿ ಲೀನವಾಯಿತು. ರಾಜ್ಯದ ಗಡಿಗಳಲ್ಲಿದ್ದ ವಾಣಿಜ್ಯ ತೆರಿಗೆಯ ತನಿಖಾ ಠಾಣೆಗಳು ಮುಚ್ಚಿದವು. ತಮ್ಮ ತೆರಿಗೆಗಳನ್ನು ಬಿಟ್ಟುಕೊಟ್ಟ ರಾಜ್ಯಗಳಿಗೆ ಆಗುವ ವರಮಾನದ ಕೊರತೆಯನ್ನು ಐದು ವರ್ಷಗಳ ಕಾಲ, 2022ರ ಜೂನ್‌ವರೆಗೆ, ಕೇಂದ್ರ ತುಂಬಿಕೊಡತಕ್ಕದ್ದೆಂದು ಪ್ರತ್ಯೇಕ ಅಧಿನಿಯಮವೊಂದು ಬಂದಿತು. ಆ ಹಣಕ್ಕೆ ಕನ್ನಡದ ಪತ್ರಿಕೆಗಳೂ ಆಯವ್ಯಯ ಭಾಷಣಗಳೂ ಬಳಸಿದ ಹೆಸರು ‘ಜಿಎಸ್‌ಟಿ ಪರಿಹಾರ’. ಸುಂಕ ಬಿಟ್ಟ ಅರಸನಿಂದ ವರ್ತಕನಿಗೆ ಸಲ್ಲುತ್ತಿದ್ದ ಪದ, ಸುಂಕ ಬಿಟ್ಟ ಸರ್ಕಾರ ತಾನು ಪಡೆಯುವ ಹಣಕ್ಕೆ ಹೆಸರಾಯಿತು. ಆ ಹಣವನ್ನು ಕೂಡಿಸಲು ತಂಬಾಕು, ಕಲ್ಲಿದ್ದಲು, ಮೋಟಾರು ವಾಹನ ಮೊದಲಾದ ಸರಕುಗಳ ಮೇಲೆ ಅದೇ ದಿನದಿಂದ ‘ಪರಿಹಾರ ಉಪಕರ’ ವಿಧಿಸಲಾಯಿತು.